ಮೂಸೆಯ ಬಾಯಿಗೆ ಬಂದಿದ್ದ ರೇಡಿಯಂ ಸೂಜಿ

ಉಪಾಕರ್ಮದ ಬೆಳಗ್ಗೆ ಮಣೆಯ ಮೇಲೆ ಕುಳಿತು, ವರ್ಷವಿಡೀ ಆದ ತಪ್ಪುಗಳನ್ನು ಕಾಮವೇ ಮಾಡಿತು, ಕೋಪವೇ ಮಾಡಿತು ಎಂದು ಜಪಿಸಿ ಕಳೆದುಕೊಳ್ಳುವ ವಾಡಿಕೆ ನಮ್ಮ ಮನೆತನದ್ದು. ತಂದೆಯವರು ಹೇಳಿಕೊಟ್ಟ ಆ ಜಪವನ್ನು ನಾನು ಒಂದು ವರ್ಷವೂ ಬಿಟ್ಟವನಲ್ಲ. ಆದರೆ ಪಕ್ಕದ ಹಳ್ಳಿಯಾದ ಕೆಸರೆಯಲ್ಲಿ ಒಂದು ದಿನ ನನಗೆ ಬಂದ ಕೋಪವನ್ನು ಮಾತ್ರ ಅದರೊಳಗೆ ಸೇರಿಸಿಲ್ಲ. ಅದಕ್ಕಾಗಿ ಭಗವಂತನಲ್ಲಿ ಕ್ಷಮೆ ಬೇಡಬೇಕೆಂದು ನನಗೆ ಇಂದಿಗೂ ಅನ್ನಿಸಿಲ್ಲ. ಅದು ಏಕೆ ಬಂದಿತೆಂಬುದನ್ನು ಬರೆದಿಡುತ್ತೇನೆ.

ಇಂಗ್ಲೆಂಡಿನ ಅಣುಕುಲುಮೆಯೊಂದಕ್ಕೆ ಬೆಂಕಿ ಹತ್ತಿದ ಸುದ್ದಿ ಬಂದ ಮರುವರ್ಷದ ಮಾತು. ಕಾಲೇಜಿನಲ್ಲಿ ಭೌತಶಾಸ್ತ್ರ ಹೇಳುತ್ತಿದ್ದ ನಾನು ಆ ಸುದ್ದಿಯನ್ನು ಪಾಠಕ್ಕೂ ತಂದುಕೊಂಡಿದ್ದೆ. ಕುಲುಮೆಯ ಹೊಗೆ ಹುಲ್ಲಿನ ಮೇಲೆ ಕುಳಿತಿತು. ಹುಲ್ಲನ್ನು ಹಸು ಮೇಯಿತು. ವಿಷ ಹಾಲಿಗೆ ಇಳಿಯಿತು. ಕಡೆಗೆ ಸುತ್ತಲ ಹಳ್ಳಿಗಳ ಹಾಲನ್ನೆಲ್ಲ ಮೋರಿಗೆ ಸುರಿಸಿದರು. ಹಾಲು ಉಕ್ಕಿ ಒಲೆಯ ಮೇಲೆ ಚೆಲ್ಲಿದರೂ ಕೈಮುಗಿಯುವ ಮನೆಯಲ್ಲಿ ಬೆಳೆದವನು ನಾನು. ಸುರಿದ ಹಾಲಿಗಿಂತಲೂ, ಸುರಿಯಲು ಅಪ್ಪಣೆಯಾಗುವ ಮೊದಲು ಆ ಹಳ್ಳಿಗಳವರು ಏನೂ ತಿಳಿಯದೆ ಕರೆದು, ಕಾಯಿಸಿ, ಮಕ್ಕಳಿಗೆ ಕುಡಿಸಿದ ಹಾಲು ನನ್ನನ್ನು ಹೆಚ್ಚಾಗಿ ಕಾಡಿತು. ಅದಕ್ಕೂ ಹಿಂದೆ ಜಪಾನಿನ ಬೆಸ್ತರ ದೋಣಿಯ ಮೇಲೆ ಬಾಂಬಿನ ಬೂದಿ ಸುರಿದಾಗಲೂ, ಅಮೆರಿಕದಲ್ಲಿ ಗಡಿಯಾರದ ಮುಖಕ್ಕೆ ರೇಡಿಯಂ ಬಳಿಯುವ ಹೆಣ್ಣುಮಕ್ಕಳು ಕುಂಚವನ್ನು ತುಟಿಯಲ್ಲಿ ಚೂಪು ಮಾಡಿಕೊಂಡು ದವಡೆಯನ್ನೇ ಕಳೆದುಕೊಂಡಾಗಲೂ ನಡೆದದ್ದು ಇದೇ. ಬಲ್ಲವರು ಬಾಯಿ ಬಿಡಲಿಲ್ಲ. ಇವೆಲ್ಲ ಸಮುದ್ರದಾಚೆಯ ಅನ್ಯಾಯಗಳೆಂದು ನಾನು ತರಗತಿಯಲ್ಲಿ ಧ್ವನಿ ಏರಿಸಿ ಹೇಳುತ್ತಿದ್ದೆ.

ಹೀಗಿರುವಾಗ ಊರಿನ ಒಂದು ಧರ್ಮಾಸ್ಪತ್ರೆಯ ಮುಖ್ಯ ವೈದ್ಯರು ಮನೆಗೆ ಬಂದರು. ಪಡಸಾಲೆಯಲ್ಲಿ ಕುಳಿತವರು ಬಾಗಿಲ ಕಡೆ ನೋಡಿ ಧ್ವನಿ ತಗ್ಗಿಸಿದರು.

"ಮೇಷ್ಟ್ರೇ, ನಿಮ್ಮ ಕಾಲೇಜಿನ ಆ ಟಕಟಕ ಅನ್ನೋ ಪೆಟ್ಟಿಗೆ ಸ್ವಲ್ಪ ಬೇಕಾಗಿತ್ತು."

"ಏನು ಕಳೆದಿದೆ?" ಎಂದೆ.

ಅವರ ಮುಖ ಬಿಳಿಚಿತು. "ಕಳೆದಿದೆ ಅಂತ ಯಾರು ಹೇಳಿದರು? ಎಲ್ಲೋ ಸರಿದಿದೆ, ಅಷ್ಟೆ. ಒಂದು ರೇಡಿಯಂ ಸೂಜಿ."

ರೇಡಿಯಂ ಸೂಜಿಯೆಂದರೆ ಪ್ಲಾಟಿನಂ ತಗಡಿನ ಸಣ್ಣ ಕೊಳವೆ. ಒಳಗೆ ಕಾಳಿನಷ್ಟು ರೇಡಿಯಂ ಲವಣವನ್ನು ತುಂಬಿ ಎರಡೂ ಕಡೆ ಬೆಸುಗೆ ಹಾಕಿರುತ್ತಾರೆ. ಒಂದು ತುದಿಯ ಕಣ್ಣಿಗೆ ರೇಷ್ಮೆ ದಾರ ಕಟ್ಟಿ, ಅರ್ಬುದದ ಗಂಟಿಗೆ ಚುಚ್ಚಿ, ಲೆಕ್ಕ ಹಾಕಿದಷ್ಟು ಹೊತ್ತು ಬಿಟ್ಟು ಹೊರತೆಗೆಯುತ್ತಾರೆ. ಅದರ ಕಿರಣ ಗಂಟನ್ನು ಸುಡುತ್ತದೆ. ಆ ಹೊತ್ತು ಮೀರಿದರೆ ಒಳ್ಳೆಯ ಮಾಂಸವನ್ನೂ ಸುಡುತ್ತದೆ. ಹೊಗೆಸೊಪ್ಪು ಜಗಿದು ಕೆನ್ನೆಯ ಒಳಗೆ ಹುಣ್ಣಾಗಿದ್ದ ಕೆಸರೆಯ ಒಬ್ಬ ಹೆಂಗಸಿಗೆ ಅಂಥ ಹಲವು ಸೂಜಿಗಳನ್ನು ಹಾಕಿದ್ದರಂತೆ. ತೆಗೆಯುವ ದಿನ ಒಂದು ದಾರದ ತುದಿಯಲ್ಲಿ ಸೂಜಿಯೇ ಇರಲಿಲ್ಲ.

"ಆ ಹೆಂಗಸನ್ನು ಕೇಳಿದಿರಾ?"

"ಅವಳನ್ನ ಏನು ಕೇಳೋದು? ಓದುಬರಹ ಇಲ್ಲದವಳು. ಬಾಯಿ ತೊಳೆಯುವಾಗ ಪೀಕದಾನಿಗೆ ಬಿದ್ದು ಕೊಚ್ಚಿಹೋಗಿರಬೇಕು. ನೀವು ವೈರಿಂಗ್ ನೋಡೋಕೆ ಬಂದಿದ್ದೀರಿ ಅಂತ ಇಟ್ಕೊಳ್ಳಿ. ರೋಗಿಗಳು ಗಾಬರಿಯಾಗಬಾರದು ನೋಡಿ."

ಅವರು ಆ ಮಾತಿಗೆ ನನ್ನ ಒಪ್ಪಿಗೆಯನ್ನು ಕಾಯಲಿಲ್ಲ. ನಾನೂ ಕೊಡಲಿಲ್ಲ.

ನಮ್ಮ ಗೈಗರ್ ಕೌಂಟರ್ ಕಾಲೇಜಿನಲ್ಲಿಯೇ ಜೋಡಿಸಿದ್ದು. ಹೆಬ್ಬೆರಳಿನ ದಪ್ಪದ ಗಾಜಿನ ಕೊಳವೆ, ಅದರ ನಡುವೆ ಕೂದಲಿನಂಥ ತಂತಿ, ಅದಕ್ಕೆ ವಿದ್ಯುತ್ತು ಒದಗಿಸಲು ಮರದ ಪೆಟ್ಟಿಗೆಯ ತುಂಬ ಒಣ ಬ್ಯಾಟರಿ. ಕಿರಣವೊಂದು ಕೊಳವೆಯನ್ನು ಹಾಯ್ದಾಗಲೆಲ್ಲ ಪೆಟ್ಟಿಗೆಯ ಪುಟ್ಟ ಸ್ಪೀಕರಿನಿಂದ "ಟಕ್" ಎಂಬ ಸದ್ದು. ಎಲ್ಲಿಯೂ ಏನೂ ಇಲ್ಲದಿದ್ದರೂ ನೆಲದಿಂದಲೂ ಆಕಾಶದಿಂದಲೂ ಬರುವ ಸಹಜ ಕಿರಣಗಳಿಗೆ ಅದು ಬಿಟ್ಟು ಬಿಟ್ಟು ಮಿಡಿಯುತ್ತಿರುತ್ತದೆ. ಮೊದಲು ಆ ಸಹಜ ಲಯವನ್ನು ಕಿವಿಗೆ ಕೂರಿಸಿಕೊಳ್ಳಬೇಕು. ಆಮೇಲೆ ಹುಡುಕಬೇಕು. ಸ್ಪೀಕರಿನ ಸದ್ದು ರೋಗಿಗಳಿಗೆ ಕೇಳಬಾರದೆಂದು ಮುಖ್ಯ ವೈದ್ಯರು ನನಗೆ ಹೆಡ್‌ಫೋನ್ ತೊಡಿಸಿದರು. ಹೆಡ್‌ಫೋನ್ ಸಿಕ್ಕಿಸಿದರೆ ಸ್ಪೀಕರು ಮೂಕವಾಗುತ್ತದೆ.

ವಾರ್ಡಿನ ಬಾಗಿಲಲ್ಲಿಯೇ ಟಕಟಕ ಏರಿತು. ನೋಡಿದರೆ ಪಕ್ಕದಲ್ಲಿ ನಿಂತಿದ್ದ ಮುಖ್ಯ ವೈದ್ಯರ ಕೈಯ ರೇಡಿಯಂ ಗಡಿಯಾರ! ಅದನ್ನು ಬಿಚ್ಚಿಸಿ ದೂರ ಕಳಿಸಿದೆ. ಮಂಚ, ಹಾಸಿಗೆ, ದಿಂಬು, ಬಚ್ಚಲು, ಮೋರಿ ಒಂದೊಂದನ್ನೂ ಕೊಳವೆಯಿಂದ ಸವರಿದೆ. ಎಲ್ಲವೂ ತಣ್ಣಗಿದ್ದವು. ಹಿತ್ತಲಿನ ಕಸದ ಗುಂಡಿಯನ್ನು ಜಾಡಮಾಲಿಯಿಂದ ಅಗೆಸಿ, ಮಂಕರಿ ಮಂಕರಿಯಾಗಿ ಹರಡಿಸಿ ನೋಡಿದೆ. ಅಂಗಳದ ಕಲ್ಲುಚಪ್ಪಡಿಯ ಬಳಿ ಸದ್ದು ಕೊಂಚ ಹೆಚ್ಚಿತು. ನಮ್ಮ ಸೀಮೆಯ ಕಗ್ಗಲ್ಲಿಗೆ ಅಷ್ಟು ಸಹಜ. ಉಗ್ರಾಣದ ಮುಂದೆ ಕೌಂಟರು ಒಮ್ಮೆಲೇ ಹುರಿಯುವ ಕಡಲೆ ಸಿಡಿದಂತೆ ಸಿಡಿಯಿತು. ಬೀಗ ತೆಗೆಸಿ, ಕಪಾಟು ಖಾಲಿ ಮಾಡಿಸಿ, ಬೆವರಿ ಹುಡುಕಿದ ಮೇಲೆ ಸಿಕ್ಕಿದ್ದು ಗ್ಯಾಸ್‌ಲೈಟಿನೊಳಗೆ ಬೆಳಗುವ ಬಲೆಯ ಮ್ಯಾಂಟಲ್ಲುಗಳ ಪೆಟ್ಟಿಗೆ. ಅವುಗಳಿಗೆ ಕಿರಣ ಸೂಸುವ ಥೋರಿಯಂ ಹಾಕಿರುತ್ತಾರೆಂಬುದು ನನಗೆ ಹೊಳೆಯುವ ಹೊತ್ತಿಗೆ ಉಗ್ರಾಣದವನು ನಗುತ್ತಿದ್ದ: "ಏನ್ ಸ್ವಾಮಿ, ವೈರಿಂಗ್ ನೋಡಕ್ ಬಂದು ಮ್ಯಾಂಟಲ್ ಎಣಿಸ್ತಾ ಕೂತ್ರಿ?"

ಮರುದಿನ ಆಸ್ಪತ್ರೆಯ ಬಟ್ಟೆ ಒಗೆಯುವ ಅಗಸರ ಕಟ್ಟೆಗೂ ಹೋಗಿಬಂದೆ. ಸೂಜಿಯ ಬೆಸುಗೆ ಗಟ್ಟಿಯಾಗಿದ್ದರೆ ಅದು ತಾನಿದ್ದ ಜಾಗದಲ್ಲಿ ಕಿಂಚಿತ್ತೂ ಗುರುತು ಉಳಿಸುವುದಿಲ್ಲ. ಮೋರಿಗೆ ಬಿದ್ದಿದ್ದರೂ ಭಾರದ ಪ್ಲಾಟಿನಂ ಕೊಚ್ಚಿಹೋಗದೆ ಅಲ್ಲೇ ತಳಕ್ಕೆ ಕೂರುತ್ತಿತ್ತು. ಆದ್ದರಿಂದ ಇಲ್ಲೆಲ್ಲ ಸದ್ದಿಲ್ಲವೆಂದರೆ ಒಂದೇ ಅರ್ಥ. ಸೂಜಿ ಯಾರದೋ ಮೈಯ ಜೊತೆ ಆಸ್ಪತ್ರೆಯ ಹೊರಗೆ ನಡೆದುಹೋಗಿದೆ. ಅದನ್ನು ಮುಖ್ಯ ವೈದ್ಯರಿಗೆ ಹೇಳಿ, ಕೆಸರೆಗೆ ಹೋಗಿ ಆ ಹೆಂಗಸನ್ನು ಕೇಳೋಣವೆಂದೆ.

"ಬೇಡವೇ ಬೇಡ. ಊರೆಲ್ಲ ಟಾಂ ಟಾಂ ಆಗುತ್ತೆ. ಧರ್ಮದರ್ಶಿಗಳಿಗೆ ನಾನು ಏನು ಹೇಳಲಿ? ನಾಳೆಯಿಂದ ಒಬ್ಬ ರೋಗಿಯೂ ಈ ಕಡೆ ತಲೆ ಹಾಕೋಲ್ಲ. ಮೇಷ್ಟ್ರೇ, ಮೋರಿಯನ್ನ ಇನ್ನೊಂದು ಸಲ ನೋಡಿ."

"ಮೋರಿ ತನಗೆ ಗೊತ್ತಿರುವುದನ್ನು ಹೇಳಿಯಾಯಿತು. ಇನ್ನು ಮನುಷ್ಯರನ್ನು ಕೇಳಬೇಕು."

"ನೀವು ಕೇಳಕೂಡದು."

ಆ ಮಾತು ನನ್ನ ಕಿವಿಯಲ್ಲಿ ಇಂಗ್ಲೆಂಡಿನ ಹಾಲಿನಂತೆ ಸುರಿಯಿತು. ಇಷ್ಟು ದಿನ ಸಮುದ್ರದಾಚೆ ಇಟ್ಟಿದ್ದ ಅನ್ಯಾಯ ನನ್ನೆದುರು ಪಂಚೆಯುಟ್ಟು, ನಾಮವಿಟ್ಟು, ನನ್ನದೇ ಭಾಷೆಯಲ್ಲಿ ಮಾತನಾಡುತ್ತಿತ್ತು. ನಾನು ಎದ್ದುಬಂದೆ. ಹೊರಗೆ ವಾರ್ಡಿನ ಹಿರಿಯ ನರ್ಸು ನಿಂತಿದ್ದರು. ಎಲ್ಲವನ್ನೂ ಕೇಳಿಸಿಕೊಂಡಿದ್ದ ಆಕೆ, ರೇಡಿಯಂ ಇಡುವ ಸೀಸದ ಡಬ್ಬಿಯನ್ನು ತಂದು ಮೆಟ್ಟಿಲ ಮೇಲಿಟ್ಟು, "ಸಿಕ್ಕಿದರೆ ಇದರಲ್ಲಿ ತನ್ನಿ ಸಾರ್, ಜೇಬಲ್ಲಿ ಮಾತ್ರ ಬೇಡ" ಎಂದರು.

ಮರುದಿನ ಬೆಳಗ್ಗೆ ಸಂಧ್ಯಾವಂದನೆ ಮುಗಿಸಿ ಟಾಂಗಾ ಹಿಡಿದೆ. ಮೊಣಕೈಯಷ್ಟೂ ಎತ್ತರವಿಲ್ಲದ ಸೀಸದ ಡಬ್ಬಿಯನ್ನು ಎತ್ತಿಡಲು ಹೋದ ಟಾಂಗಾದವನು ಉಸ್ಸೆಂದ. "ಏನ್ ಬುದ್ಧಿ ಇದು, ನೋಡಕ್ ಕೂಸು, ಎತ್ತಕ್ ವೋದ್ರೆ ಬೀಗರ ಕಡೇವ್ರು ಇದ್ದಂಗದೆ! ನನ್ ಕುದ್ರೆ ಬಡಪಾಯಿ ಕಣ್ ಬುದ್ಧಿ."

ಕೆಸರೆಯಲ್ಲಿ ಆ ಹೆಂಗಸಿನ ಮನೆ ಸಿಕ್ಕಿತು. ಬಾಗಿಲಿಗೆ ಚಿಲಕ ಹಾಕಿತ್ತು. ಗೋಡೆಗೆ ಕೊಳವೆ ಹಿಡಿದೆ, ಸಹಜ ಲಯ. ಪಕ್ಕದ ಜಗುಲಿಯಲ್ಲಿ ಅಕ್ಕಿ ಕೇರುತ್ತಿದ್ದ ಮುದುಕಿ ತಲೆಯೆತ್ತದೆಯೇ ಹೇಳಿದಳು: "ಅವ್ಳು ಇಲ್ಲ. ಅಮ್ಮನ್ ಗುಡಿ ತಾವ್ಕೆ ವೋಗವ್ಳೆ. ಇವತ್ತು ಅಮ್ಮನ ಎರಕ ಅಲ್ವಾ, ಊರೇ ಅಲ್ಲದೆ."

ಗುಡಿಯ ಮುಂದಿನ ಚಪ್ಪರ ಕಾಣುವ ಮೊದಲೇ ಹೆಡ್‌ಫೋನಿನಲ್ಲಿ ಲಯ ಕೆಟ್ಟಿತು. ಹೆಜ್ಜೆಯಿಟ್ಟಂತೆ ಟಕಟಕ ಒತ್ತೊತ್ತಾಯಿತು. ಚಪ್ಪರದ ಕೆಳಗೆ ಕಣ್ಣು ಹಾಯಿಸಿದಾಗ ನಾನು ನಿಂತುಬಿಟ್ಟೆ.

ಊರದೇವತೆಗೆ ಹೊಸದಾಗಿ ಪಂಚಲೋಹದ ಉತ್ಸವಮೂರ್ತಿಯನ್ನು ಎರೆಯುತ್ತಿದ್ದರು. ಮೇಣದ ಮೂರ್ತಿಗೆ ಮಣ್ಣು ಮೆತ್ತಿ, ಕಾಯಿಸಿ, ಮೇಣವನ್ನು ಕರಗಿಸಿ ತೆಗೆದಿದ್ದ ಅಚ್ಚು ನೆಲದಲ್ಲಿ ಕುತ್ತಿಗೆಯವರೆಗೆ ಹೂತಿತ್ತು. ಪಕ್ಕದಲ್ಲಿ ತಿದಿಯೊತ್ತಿ ಗಾಳಿ ಊದುವ ಕುಲುಮೆ. ಅದರೊಳಗೆ ಲೋಹ ಕರಗಿಸುವ, ಕೆಂಪಗಾದ ಮೂಸೆ. ಎರಕಕ್ಕೆ ಮುಂಚೆ ಭಕ್ತರು ತಮ್ಮ ಮೈಮೇಲಿನ ಚೂರುಪಾರು ಲೋಹವನ್ನು ಅರ್ಪಿಸುವುದು, ಅದನ್ನೂ ಮೂಸೆಗೆ ಹಾಕಿ ದೇವರ ಮೈಗೆ ಸೇರಿಸುವುದು ನಮ್ಮಲ್ಲಿ ಹಿಂದಿನಿಂದ ಬಂದ ಪದ್ಧತಿ. ಮೂಸೆಯ ಪಕ್ಕ ಕೆಂಪುವಸ್ತ್ರ ಹಾಸಿದ ತಾಮ್ರದ ಹರಿವಾಣದಲ್ಲಿ ಕಾಲುಂಗುರ, ಮೂಗುಬೊಟ್ಟು, ಮುರಿದ ದೀಪದ ಕುಡಿಕೆ ರಾಶಿಯಾಗಿದ್ದವು. ನನ್ನ ಕೊಳವೆ ನೇರವಾಗಿ ಆ ಹರಿವಾಣದ ಕಡೆಗೇ ಎಳೆಯುತ್ತಿತ್ತು.

ಮೂಸೆಗೆ ಬಿದ್ದಿದ್ದರೆ ಏನಾಗುತ್ತಿತ್ತೆಂಬುದು ನನ್ನ ಕಣ್ಣ ಮುಂದೆ ಬಂದುಹೋಯಿತು. ಪ್ಲಾಟಿನಂ ಆ ಶಾಖಕ್ಕೆ ಕರಗದು, ಆದರೆ ಒಳಗಿನ ಅನಿಲ ಉಬ್ಬಿ ಬೆಸುಗೆ ಬಿಟ್ಟೀತು. ರೇಡಿಯಂ ಹೊಗೆಯಲ್ಲಿ ಸೇರಿ, ಸುತ್ತ ಕೈಮುಗಿದು ನಿಂತ ಹೆಂಗಸರು ಮಕ್ಕಳ ಉಸಿರಿಗೆ ಹೋಗುತ್ತಿತ್ತು. ಮಿಕ್ಕದ್ದು ಮೂರ್ತಿಯ ಮೈಯಾಗುತ್ತಿತ್ತು. ಆ ಮೂರ್ತಿಯನ್ನು ಹೆಗಲ ಮೇಲೆ ಹೊರುತ್ತಾರೆ. ಅದಕ್ಕೆ ಹಾಲಿನ ಅಭಿಷೇಕ ಮಾಡಿ, ಆ ಹಾಲನ್ನು ತೀರ್ಥವೆಂದು ಎಳೆಗೂಸುಗಳ ನಾಲಗೆಗೂ ಬಿಡುತ್ತಾರೆ. ರೇಡಿಯಂ ಅರ್ಧ ಸವೆಯುವುದಕ್ಕೆ ಸಾವಿರದ ಆರುನೂರು ವರ್ಷ ಬೇಕು. ಅಷ್ಟು ತಲೆಮಾರುಗಳ ಭಕ್ತಿಗೆ ವಿಷ ಬೆರೆಯುತ್ತಿತ್ತು.

"ತಡೀರಿ!" ಎಂದು ಕೂಗಿದೆ. ಎರಕದ ಆಚಾರಿಯವರು ಹರಿವಾಣಕ್ಕೆ ಚಾಚಿದ್ದ ಕೈಯನ್ನು ಹಿಂದೆಗೆದುಕೊಂಡರು. ಊರಿನ ಯಜಮಾನರು ಎದ್ದು ಬಂದರು.

"ಯಾರ್ ಸ್ವಾಮಿ ತಾವು? ಮುಹೂರ್ತದಲ್ಲಿ ಎಂಗೆ ಕೂಗ್ತೀರಲ್ಲ?"

ನಾನು ಬಾಯಿ ತೆರೆಯುವಷ್ಟರಲ್ಲಿ ಹಿಂದೆ ಕಾರು ನಿಂತ ಸದ್ದಾಯಿತು. ಮುಖ್ಯ ವೈದ್ಯರು ಏದುಸಿರು ಬಿಡುತ್ತ ಬಂದರು. ನಾನು ಡಬ್ಬಿ ಒಯ್ದದ್ದು ಅವರಿಗೆ ತಿಳಿದಿತ್ತು. ಹರಿವಾಣವನ್ನೂ ನನ್ನ ಮುಖವನ್ನೂ ನೋಡಿ ಎಲ್ಲವನ್ನೂ ಗ್ರಹಿಸಿ, ನನ್ನನ್ನು ಪಕ್ಕಕ್ಕೆಳೆದು ಕಿವಿಯಲ್ಲಿ ಹೇಳಿದರು: "ರೇಡಿಯಂ ಮಾತು ಎತ್ತಬೇಡಿ. ನೀವು ಶಾಸ್ತ್ರ ಬಲ್ಲವರು. ರೋಗದ ಬಾಯಲ್ಲಿದ್ದ ವಸ್ತು, ಎಂಜಲು, ದೇವರಿಗಾಗದು ಅಂತ ಒಂದು ಮಾತು ಹೇಳಿ ಸಾಕು. ಅವರೇ ತೆಗೆದು ಬಿಸಾಡ್ತಾರೆ. ಕೆಲಸ ಸುಲಭ."

ಕೆಲಸ ಸುಲಭವೇ ಆಗಿತ್ತು. ಅದು ನನಗೂ ಕಂಡಿತು. ಅದೇ ಗಳಿಗೆಯಲ್ಲಿ ಗುಂಪಿನಿಂದ ಕೆನ್ನೆಗೆ ಪಟ್ಟಿ ಕಟ್ಟಿದ ಒಬ್ಬ ಹೆಂಗಸು ಮುಂದೆ ಬಂದು, ಮುಖ್ಯ ವೈದ್ಯರನ್ನು ಕಂಡು ಎರಡೂ ಕೈ ಎತ್ತಿ ಮುಗಿದಳು. ಇವಳೇ ಅವಳು. ಮುಖದಲ್ಲಿ ಏನು ಸಂತೋಷ! ತನ್ನನ್ನು ಬದುಕಿಸಿದ ದೊಡ್ಡವರು ತನ್ನೂರಿನ ಎರಕಕ್ಕೆ ಬಂದಿದ್ದಾರೆಂದು ಆಕೆ ತಿಳಿದಿದ್ದಳು. ಆ ಮುಖದ ಮೇಲೆ, ಆಕೆಯ ಊರಿನವರ ಎದುರಿನಲ್ಲಿ, "ಎಂಜಲು" ಎಂಬ ಮಾತನ್ನು ಉಗುಳಬೇಕಿತ್ತು. ಆಸ್ಪತ್ರೆಯವರ ತಪ್ಪನ್ನು ಮುಚ್ಚಲು ಶಾಸ್ತ್ರವನ್ನು ಬಟ್ಟೆಯಂತೆ ಹೊದಿಸಬೇಕಿತ್ತು. ಶಾಸ್ತ್ರವನ್ನು ನಾನು ತಂದೆಯ ಪಾದದಲ್ಲಿ ಕುಳಿತು ಕಲಿತದ್ದು ಇದಕ್ಕಲ್ಲ. ನನಗೆ ಕೋಪ ಬಂದಿತು. ಹೆಡ್‌ಫೋನಿನ ವೈರನ್ನು ಪೆಟ್ಟಿಗೆಯಿಂದ ಕಿತ್ತೆಸೆದೆ.

ಸ್ಪೀಕರು ಚಪ್ಪರವೆಲ್ಲ ಕೇಳುವಂತೆ ಚಟಚಟನೆ ಸಿಡಿಯಿತು.

ಗುಂಪು ಬೆಚ್ಚಿತು. ಯಾರೋ ಒಬ್ಬ, "ಏನ್ಲಾ ಅದು, ಪೆಟ್ಟಿಗೇಲಿ ಕಪ್ಪೆ ಮಡಿಕಂಡವ್ರಾ?" ಎಂದ. ಇನ್ನೊಬ್ಬ, "ಸುಮ್ಕಿರ್ಲಾ, ಅಮ್ಮನ್ ಮುಂದೆ ಯಂತ್ರಾನೂ ಜಪ ಮಾಡ್ತದೆ" ಎಂದ. ನಾನು ಕೊಳವೆಯನ್ನು ದೂರ ಒಯ್ದೆ, ಸದ್ದು ಇಳಿಯಿತು. ಹರಿವಾಣಕ್ಕೆ ತಂದೆ, ಏರಿತು. ಹೀಗೆ ಎರಡು ಸಲ ತೋರಿಸುವಷ್ಟರಲ್ಲಿ ನಗು ನಿಂತಿತ್ತು.

"ಈ ತಾಯಿಗೆ ಆಸ್ಪತ್ರೆಯಲ್ಲಿ ಹಾಕಿದ್ದ ಸೂಜಿ ಇದರಲ್ಲಿದೆ," ಎಂದೆ. "ಅದರೊಳಗೆ ರೇಡಿಯಂ ಇದೆ. ಕಣ್ಣಿಗೆ ಕಾಣದೆ ಸುಡುವ ವಸ್ತು. ಅದು ಕಳೆದದ್ದು ಆಸ್ಪತ್ರೆಯವರಿಗೆ ಗೊತ್ತಿತ್ತು. ನಿಮಗೆ ಹೇಳಲಿಲ್ಲ. ಈಕೆಯ ತಪ್ಪು ಇದರಲ್ಲಿ ಎಳ್ಳಷ್ಟೂ ಇಲ್ಲ."

ಮುಖ್ಯ ವೈದ್ಯರು ಕಣ್ಣು ಮುಚ್ಚಿಕೊಂಡರು.

"ಅಂಗೆ ಸುಡೋದನ್ನ ಈಯಮ್ಮನ್ ಬಾಯ್ಗೆ ಯಾಕಾಕಿದ್ರಿ?" ಎಂದರು ಯಜಮಾನರು. ಸರಿಯಾದ ಪ್ರಶ್ನೆ. ಅಳತೆಯಲ್ಲಿ ಔಷಧ, ಅಳತೆ ಮೀರಿದರೆ ವಿಷ ಎಂದು ಹೇಳಿದೆ. ಅವರು ತಲೆಯಾಡಿಸಿದರು. ಆದರೆ ಒಪ್ಪಲಿಲ್ಲ. "ಅಮ್ಮಂಗೆ ಒಪ್ಸಾದ್ ಮ್ಯಾಕೆ ಇಂದಕ್ ತಗಳಕ್ಕಾಯ್ತದಾ ಸ್ವಾಮಿ? ಊರ್ಗೆ ಒಳ್ಳೇದಾಯ್ತದಾ?"

ಆಗ ಮಾತನಾಡಿದವಳು ಆ ಹೆಂಗಸು. ಪಟ್ಟಿಯ ಕೆಳಗಿಂದ ಮಾತು ತೊದಲುತ್ತಿತ್ತು. "ಅದು ದೇವ್ರ್ ಸೂಜಿ ಅಂತ ಡಾಕುಟ್ರೇ ಅಂದಿದ್ರು ಬುದ್ಧಿ. ದೇವ್ರ್ ಸೂಜಿ ಕಣಮ್ಮ, ನಿನ್ ರೋಗಾನೆಲ್ಲ ಸುಟ್ಟಾಕ್ತದೆ ಅಂದ್ರು. ಒಂದಿನ ಬೆಳ್ಗಾಗೆದ್ರೆ ದಿಂಬಿನ್ ಮ್ಯಾಗೆ ಬಿದ್ದಿತ್ತು. ಕೆಲ್ಸ ಮುಗೀತು ಅಂತ ತಾನೇ ಈಚ್ಗ್ ಬಂದದೆ ಅನ್ಕಂಡೆ. ಎಲೆಯಡ್ಕೆ ಸಂಚೀಲ್ ಮಡಿಕಂಡೆ. ದೇವ್ರುದ್ನ ದೇವ್ರ್ಗೇ ಕೊಡಾನ ಅಂತ."

"ಸಂಚಿ ಎಲ್ಲಿರುತ್ತಿತ್ತು ತಾಯಿ?"

"ಸೊಂಟ್ದಾಗೆ. ಇನ್ನೆಲ್ಲಿ?" ಎಂದು ಎಡ ಸೊಂಟವನ್ನು ಮುಟ್ಟಿಕೊಂಡು ಮುಖ ಕಿವುಚಿದಳು. "ಈಗೀಗ ಅಲ್ಲಿ ಬೆವರ್ಸಾಲೆ ಎದ್ದದೆ."

ಮುಖ್ಯ ವೈದ್ಯರೂ ನಾನೂ ಒಬ್ಬರ ಮುಖವನ್ನೊಬ್ಬರು ನೋಡಿದೆವು. ಅದು ಬೆವರುಸಾಲೆಯಲ್ಲವೆಂದು ಇಬ್ಬರಿಗೂ ಗೊತ್ತಿತ್ತು.

ಆಕೆ ಯಜಮಾನರ ಕಡೆ ತಿರುಗಿದಳು. "ಕೊಟ್ಟೋಳು ನಾನು ಕಣಣ್ಣ. ಇಂದಕ್ ತಗಳಳೂ ನಾನೇ. ಅಮ್ಮ ಮುನುಸ್ಕಂಡ್ರೆ ನನ್ ಮ್ಯಾಗೆ ಮುನುಸ್ಕಳ್ಳಿ." ಸಂಚಿಯಿಂದ, ಎಲೆಗೆ ಹಚ್ಚುವ ಸುಣ್ಣ ತುಂಬಿಡುವ ಹಿತ್ತಾಳೆಯ ಸುಣ್ಣಕಾಯಿಯನ್ನು ತೆಗೆದಳು. "ಅದ್ರ್ ಬದ್ಲು ಇದಾಕಿ. ಹೊಗೆಸೊಪ್ಪು ಬುಟ್ಮ್ಯಾಕೆ ಇದ್ಯಾಕ್ ನಂಗೆ?"

ಗುಂಪಿನಿಂದ ಒಬ್ಬ ಮುದುಕ, "ಎಂಜಲ್ ಕೈಲಿ ಮುಟ್ಟಿದ್ ಸುಣ್ಣಕಾಯಿ ಕಣಮ್ಮಿ ಅದು" ಎಂದ. ಅಷ್ಟು ಹೊತ್ತೂ ಸುಮ್ಮನಿದ್ದ ಆಚಾರಿಯವರು ತಿದಿಯಿಂದ ತಲೆಯೆತ್ತದೆ, "ಬೆಂಕಿಗೆ ಎಂಜಲಿಲ್ಲ" ಎಂದರು. ನಾನು ಮುಖ್ಯ ವೈದ್ಯರ ಕಡೆ ನೋಡಿದೆ. ಅವರು ನೆಲ ನೋಡುತ್ತಿದ್ದರು.

ಮುಂದಿನದು ಬರಿಯ ಕೆಲಸ. ಎಲ್ಲರನ್ನೂ ಚಪ್ಪರದಾಚೆ ಕಳಿಸಿದೆ. ಆಚಾರಿಯವರ ಉದ್ದನೆಯ ಇಕ್ಕಳದಿಂದ ಹರಿವಾಣದ ಒಂದೊಂದೇ ಚೂರನ್ನು ಎತ್ತಿ ಬೇರೆಯಿಟ್ಟು, ಕೊಳವೆಗೆ ಹಿಡಿಯುತ್ತ ಹೋದೆ. ಬೆಳ್ಳಿಯ ಮುರುಕು ಸರಪಣಿಯ ಕೆಳಗೆ ಅದು ಬಿದ್ದಿತ್ತು. ದಬ್ಬಣಕ್ಕಿಂತ ಚಿಕ್ಕದು, ಮಾಸಿದ ಬೆಳ್ಳಿಯ ಬಣ್ಣ, ಕಣ್ಣಿನಲ್ಲಿ ರೇಷ್ಮೆಯ ಒಂದೆಳೆ. ಹತ್ತಿಯಿಂದ ಒರೆಸಿ, ಹತ್ತಿಯನ್ನು ದೂರ ಒಯ್ದು ಕೊಳವೆಗೆ ಹಿಡಿದೆ, ಸದ್ದಿಲ್ಲ. ಬೆಸುಗೆ ಬಿಟ್ಟಿರಲಿಲ್ಲ. ಸೂಜಿ ಸೀಸದ ಡಬ್ಬಿಗೆ ಬಿದ್ದು, ಮುಚ್ಚಳ ಕೂತ ಮೇಲೆ ಸ್ಪೀಕರು ತಣ್ಣಗಾಯಿತು. ಹರಿವಾಣವನ್ನೂ ಸುಣ್ಣಕಾಯಿಯನ್ನೂ ಇನ್ನೊಮ್ಮೆ ನೋಡಿ, "ಇನ್ನು ಆಗಬಹುದು" ಎಂದೆ. ಸುಣ್ಣಕಾಯಿ ಮೂಸೆಗೆ ಬಿದ್ದಾಗ ಯಾರೋ, "ಅಮ್ಮಂಗೂ ಎಲೆ ಜೊತ್ಗೆ ಒಸಿ ಸುಣ್ಣ ಬೇಕಲ್ವಾ ಬುಡಿ" ಎಂದರು. ಹೆಂಗಸರೆಲ್ಲ ನಕ್ಕರು; ಆಕೆಯೂ ಕೆನ್ನೆ ಹಿಡಿದುಕೊಂಡು ನಕ್ಕಳು. ಲೋಹ ಅಚ್ಚಿಗೆ ಇಳಿಯುವಾಗ ನಾನು ಕೈಮುಗಿದು ನಿಂತಿದ್ದೆ.

ಆಕೆಯನ್ನು ಅದೇ ಕಾರಿನಲ್ಲಿ ಆಸ್ಪತ್ರೆಗೆ ಕರೆದೊಯ್ದೆವು. ಸೊಂಟದ ಮೇಲೆ ಅಂಗೈಯಗಲ ಕೆಂಪಾಗಿದ್ದ ಚರ್ಮ ಕಪ್ಪಿಟ್ಟು ಒಡೆಯಿತು. ಕೆನ್ನೆಯ ಹುಣ್ಣು ಮಾಯಿತು. ಸೊಂಟದ ಹುಣ್ಣು ಮಾಯಲಿಲ್ಲ. ತೊಡೆಯ ಚರ್ಮ ತೆಗೆದು ಹಚ್ಚಿದರು, ಅದೂ ಹಿಡಿಯಲಿಲ್ಲ.

ಆಕೆ ಇನ್ನೂ ವಾರ್ಡಿನಲ್ಲಿದ್ದಾಗಲೇ ಧರ್ಮದರ್ಶಿಗಳು ನನ್ನನ್ನು ಕರೆಸಿದರು. ಬೆಳ್ಳಿಯ ತಟ್ಟೆಯಲ್ಲಿ ಹಣ್ಣು, ಜರಿಯ ಶಾಲು. ಮುಖ್ಯ ವೈದ್ಯರು ಎದ್ದು ನಿಂತು, "ಮೇಷ್ಟ್ರ ಶ್ರಮದಿಂದ ಸೂಜಿ ಸಿಕ್ಕಿತು. ದೇವರ ದಯೆ, ಯಾರಿಗೂ ಏನೂ ಆಗಲಿಲ್ಲ" ಎಂದರು. ಧರ್ಮದರ್ಶಿಗಳು ಕೈಮುಗಿದರು. ಮಾಡಿದ್ದನ್ನು ಮುಚ್ಚಲು ಹಿಂದೆ ಶಾಸ್ತ್ರ ಬೇಕಾಗಿತ್ತು. ಈಗ ದೇವರೇ ಬೇಕಾದನು.

ನಾನು ಶಾಲನ್ನು ಮುಟ್ಟಲಿಲ್ಲ. "ಈ ಮಾತನ್ನು ಹೆಂಗಸರ ವಾರ್ಡಿನಲ್ಲಿ ಹೇಳೋಣ ಬನ್ನಿ. ಅಲ್ಲಿಯೂ ಹೇಳಲಾದರೆ ಹೊದಿಸಿ" ಎಂದು ಎದ್ದೆ. ನನ್ನ ಧ್ವನಿ ಹೇಗಿತ್ತೋ, ಎಲ್ಲರೂ ಎದ್ದು ಬಂದರು.

ಆಕೆ ಬಲಮಗ್ಗುಲಾಗಿ ಮಲಗಿದ್ದಳು. ಅಷ್ಟು ಜನ ದೊಡ್ಡವರು ಮಂಚದ ಸುತ್ತ ನಿಂತದ್ದನ್ನು ಕಂಡು ಸೆರಗು ಎಳೆದುಕೊಂಡು ಏಳಲು ಹೋದಳು, ಆಗಲಿಲ್ಲ. ಮುಖ್ಯ ವೈದ್ಯರು ಆಕೆಯ ಸೊಂಟದ ಗಾಯದ ಪಟ್ಟಿಯನ್ನು ನೋಡಿ ಕಣ್ಣು ತಿರುಗಿಸಿದರು. ಆಕೆಯೇ ಅವರನ್ನು ನೋಡಿ, ಕೋಪವಿಲ್ಲದ ಧ್ವನಿಯಲ್ಲಿ, ಬಹುದಿನದಿಂದ ಮನಸ್ಸಿನಲ್ಲಿದ್ದುದನ್ನು ಕೇಳಿದಳು.

"ದಾರ ತಗ್ದ ದಿನ ನನ್ ಮಂಚದ್ ತಾವೇ ನಿಂತ್ಕಂಡು ಇಂಗ್ಲೀಸ್ನಲ್ಲಿ ಗುಸುಗುಸು ಅಂತಿದ್ರಿ. ಸೂಜಿ ನನ್ ಸೊಂಟ್ದಾಗೇ ಇತ್ತು. ನನ್ನ ಒಂದ್ ಮಾತ್ ಕೇಳಿದ್ರೆ ಕೊಟ್ಬುಡ್ತಿದ್ನಲ್ಲ ಬುದ್ಧಿ?"

ಶಾಲು ಮಡಿಕೆ ಬಿಚ್ಚದೆ ಹಿಂದಕ್ಕೆ ಹೋಯಿತು.

ಈಗಲೂ ಎಲ್ಲೋ ದೂರದ ದೇಶದಲ್ಲಿ ಅಣುಕುಲುಮೆ ಕೆಟ್ಟಿತೆಂದೂ, ಬೆಂಕಿ ಆರಿಸಿದರೆಂದೂ, ಯಾರಿಗೂ ಏನೂ ಆಗಿಲ್ಲವೆಂದೂ ಪತ್ರಿಕೆಯಲ್ಲಿ ಬರುತ್ತಿರುತ್ತದೆ. ಓದಿದಾಗಲೆಲ್ಲ ಅದೇ ಕೋಪ ಮೊದಲಿನಂತೆಯೇ ಏಳುತ್ತದೆ. ಆ ಊರಿನಲ್ಲಿಯೂ ಹೆಂಗಸರ ವಾರ್ಡು ಇದ್ದೇ ಇರುತ್ತದೆ. ಅಲ್ಲಿಗೆ ಹೋಗಿ ಯಾರು ಕೇಳಿದರು?